ಲವಣ ರಾಜನ ಕುದುರೆ, ಆಗುಂಬೆಯ ಮಂಜು

ಓದುಗರ ಪ್ರಶ್ನೆ: ನಾನೊಂದು ಸಣ್ಣ ಕತೆ ಬರೆಯುತ್ತಿದ್ದೇನೆ. ತೀರ್ಥಹಳ್ಳಿಯಿಂದ ಉಡುಪಿಗೆ ಹೊರಟ ಬಸ್ಸು ಆಗುಂಬೆ ಘಾಟಿಯಲ್ಲಿ ಮಂಜು ಕವಿದು ನಿಲ್ಲುತ್ತದೆ. ಒಬ್ಬ ನರ್ಸ್ ಕೆಳಗಿಳಿದು ನಾಲ್ಕು ಹೆಜ್ಜೆ ಹಾಕುತ್ತಾಳೆ. ಅಷ್ಟರಲ್ಲಿ ಅವಳು ಬೇರೊಂದು ಕಾಲದ ಬೇರೊಂದು ಊರಿನಲ್ಲಿರುತ್ತಾಳೆ. ಅಲ್ಲಿ 12 ವರ್ಷ ಬದುಕುತ್ತಾಳೆ, ತಾಯಿಯಿಲ್ಲದ ಒಬ್ಬ ಹುಡುಗನನ್ನು ಸಾಕುತ್ತಾಳೆ. ಒಂದು ದಿನ ಹಾರ್ನ್ ಕೇಳಿಸುತ್ತದೆ. ತಿರುಗಿ ನೋಡಿದರೆ ಬಸ್ಸು ಅಲ್ಲೇ ನಿಂತಿದೆ. ಕಳೆದಿರುವುದು ಹತ್ತೇ ನಿಮಿಷ. ಓದಿದ ಗೆಳೆಯರು 'ಇದಕ್ಕೆ ಕಾರಣ ಕೊಡು' ಅಂದರು. ಕಾರಣ ಹೊಳೆಯದೆ ಕೊನೆಗೆ 'ಅವಳಿಗೆ ಎಚ್ಚರವಾಯಿತು' ಅಂತ ಬರೆದು ಮುಗಿಸಿದೆ. ಕಾಕುದ್ಮಿ ರಾಜನ ಕತೆ ಐನ್‌ಸ್ಟೈನ್ ಸಿದ್ಧಾಂತವೇ ಅಂತ ವಾಟ್ಸಾಪ್‌ನಲ್ಲಿ ಓದಿದೆ. ಅದನ್ನೇ ಕಾರಣವಾಗಿ ಬಳಸಬಹುದಾ? ನಮ್ಮ ಹಳೆಯ ಕತೆಗಳಲ್ಲಿ ಇಂಥದ್ದು ಬೇರೆ ಇದೆಯಾ?

ಉತ್ತರ: ಮೊದಲು 'ಅವಳಿಗೆ ಎಚ್ಚರವಾಯಿತು' ಅನ್ನುವ ಆ ಸಾಲನ್ನು ಹೊಡೆದುಹಾಕಿ. ಉಳಿದದ್ದನ್ನು ಆಮೇಲೆ ಮಾತಾಡೋಣ. 12 ವರ್ಷ ಸಾಕಿದ ಹುಡುಗನನ್ನು ಆ ಒಂದು ಸಾಲು ಇಲ್ಲವಾಗಿಸುತ್ತದೆ. ಅವನ ಊಟ, ಹಟ, ಜ್ವರ ಎಲ್ಲದರಲ್ಲೂ ಓದುವವರು ಅವಳ ಜೊತೆ ಇರುತ್ತಾರೆ. ಕೊನೆಗೆ ಅವನು ಇರಲೇ ಇಲ್ಲ ಅಂದರೆ ಯಾರಿಗಾದರೂ ಬೇಜಾರಾಗುತ್ತದೆ, ಅಲ್ವಾ?

ನಾನು ಬಹಳ ವರ್ಷ ಪುರಾಣ ಮತ್ತು ಜನಪದ ಕತೆಗಳನ್ನು ಪಾಠ ಮಾಡಿದವನು. ಕಾಲ ಒಂದು ಗಳಿಗೆ ಮಡಚಿಕೊಂಡರೆ, ಒಂದು ಜಾಗ ಇನ್ನೊಂದರೊಳಗೆ ತೆರೆದುಕೊಂಡರೆ, ಅದಕ್ಕೆ ಕಾರಣ ಹೇಳಲೇಬೇಕಾ ಅನ್ನುವ ಪ್ರಶ್ನೆ ತರಗತಿಯಲ್ಲಿ ಮತ್ತೆ ಮತ್ತೆ ಬರುತ್ತಿತ್ತು. ನನ್ನ ಉತ್ತರ ಇಷ್ಟು ವರ್ಷಗಳಲ್ಲಿ ಬದಲಾಗಿಲ್ಲ. ಕಾರಣ ಇದ್ದರೂ ಸರಿ, ಇಲ್ಲದಿದ್ದರೂ ಸರಿ. ಗುರುತು ಮಾತ್ರ ಇರಲೇಬೇಕು. ಹೋದ ಜಾಗದಲ್ಲಿ ಹೋದವಳ ಗುರುತು ಉಳಿದಿರಬೇಕು, ಇಲ್ಲಾ ಆ ಜಾಗದ ಗುರುತು ಅವಳ ಮೇಲೆ ಉಳಿದಿರಬೇಕು. ಇದನ್ನು ನನಗೆ ಕಲಿಸಿದ್ದು ಯೋಗವಾಸಿಷ್ಠದಲ್ಲಿ ಬರುವ ಲವಣ ರಾಜನ ಕತೆ. ನಿಮ್ಮ ನರ್ಸ್‌ಗೆ ಆದದ್ದೇ ಅವನಿಗೂ ಆಗುತ್ತದೆ. ಹಾಗಾಗಿ ಆ ಕತೆಯನ್ನು ಸ್ವಲ್ಪ ನಿಧಾನವಾಗಿಯೇ ಹೇಳುತ್ತೇನೆ.

ಯೋಗವಾಸಿಷ್ಠ ಒಂದು ದೊಡ್ಡ ಸಂಸ್ಕೃತ ಗ್ರಂಥ. ಬದುಕಿನಲ್ಲಿ ಆಸಕ್ತಿಯೇ ಹೋಗಿಬಿಟ್ಟ ಹುಡುಗ ರಾಮನಿಗೆ ವಸಿಷ್ಠರು ಕತೆಯ ಮೇಲೆ ಕತೆ ಹೇಳುತ್ತಾರೆ. ಅದರ ಹುಟ್ಟು ಕಾಶ್ಮೀರದಲ್ಲಿ ಎಂದು ವಿದ್ವಾಂಸರು ಹೇಳುತ್ತಾರೆ. ಮೊಘಲರ ಕಾಲದಲ್ಲಿ ಅದು ಪರ್ಷಿಯನ್ ಭಾಷೆಗೂ ಹೋಯಿತು. 1602ರಲ್ಲಿ ಚಿತ್ರಗಳ ಸಮೇತ ತಯಾರಾದ ಒಂದು ಪರ್ಷಿಯನ್ ಪ್ರತಿ ಈಗ ಐರ್ಲೆಂಡಿನ ಡಬ್ಲಿನ್ ನಗರದ ಚೆಸ್ಟರ್ ಬೀಟಿ ಸಂಗ್ರಹದಲ್ಲಿದೆ.

ಲವಣ ಹರಿಶ್ಚಂದ್ರನ ವಂಶದ ರಾಜ. ಒಂದು ದಿನ ಅವನ ಸಭೆಗೆ ಒಬ್ಬ ಗಾರುಡಿಗ ಬರುತ್ತಾನೆ. ಕೈಯಲ್ಲಿ ನವಿಲುಗರಿಯ ಕಟ್ಟು. ಅದನ್ನು ರಾಜನ ಎದುರು ಬೀಸುತ್ತಾನೆ. ಆಗಲೇ ಸಿಂಧು ದೇಶದ ಕಡೆಯಿಂದ ಒಬ್ಬ ಕುದುರೆಯವನು ಚಂದದ ಕುದುರೆಯೊಂದನ್ನು ಹಿಡಿದುಕೊಂಡು ಬಂದ ಹಾಗೆ ಕಾಣುತ್ತದೆ. ಇದನ್ನು ಹತ್ತು ಮಹಾರಾಜ, ಅನ್ನುತ್ತಾನೆ ಗಾರುಡಿಗ. ರಾಜ ಕುದುರೆಯನ್ನೇ ನೋಡುತ್ತಾ ಕೂತುಬಿಡುತ್ತಾನೆ. ಕಣ್ಣು ಮಿಟುಕಿಸುವುದಿಲ್ಲ, ಅಲುಗಾಡುವುದಿಲ್ಲ. ಸಭೆ ಗಾಬರಿಯಾಗುತ್ತದೆ. ಸ್ವಲ್ಪ ಹೊತ್ತಿನ ಮೇಲೆ ರಾಜ ನಡುಗುತ್ತಾ ಎಚ್ಚರಗೊಳ್ಳುತ್ತಾನೆ. ಸಿಂಹಾಸನದಿಂದ ಬೀಳುವ ಹಾಗಾಗುತ್ತದೆ, ಪಕ್ಕದವರು ಹಿಡಿದುಕೊಳ್ಳುತ್ತಾರೆ.

ಸಭೆ ಕಂಡದ್ದು ಇಷ್ಟೇ. ರಾಜ ಕಂಡದ್ದನ್ನು ಅವನೇ ಹೇಳುತ್ತಾನೆ.

ಅವನು ಆ ಕುದುರೆ ಹತ್ತಿದ. ಅದು ನಿಲ್ಲದೆ ಓಡಿತು. ಯಾವುದೋ ಬಯಲು ದಾಟಿ, ಕಾಡು ಹೊಕ್ಕಿತು. ತಲೆಯ ಮೇಲೆ ಜೋತುಬಿದ್ದ ಬಳ್ಳಿಯೊಂದು ಸಿಕ್ಕಿತು, ಹಿಡಿದುಕೊಂಡು ನೇತಾಡಿದ. ಕುದುರೆ ಅವನನ್ನು ಬಿಟ್ಟು ಓಡಿಹೋಯಿತು. ರಾತ್ರಿಯೆಲ್ಲ ಮರದ ಆಸರೆಯಲ್ಲಿ ಕಳೆದ. ಮರುದಿನ ಹಸಿವು ತಡೆಯಲಾಗಲಿಲ್ಲ. ಆಗ ಒಬ್ಬ ಹುಡುಗಿ ಅನ್ನ ಮತ್ತು ನೇರಳೆ ರಸ ಹೊತ್ತು ಬರುತ್ತಿದ್ದಳು. ಕಾಡಿನಂಚಿನಲ್ಲಿ ದುಡಿಯುತ್ತಿದ್ದ ಅಪ್ಪನಿಗೆ ಬುತ್ತಿ. ರಾಜ ಬೇಡಿದ. ತಾನು ಚಂಡಾಲರ ಹುಡುಗಿ ಎಂದಳು ಅವಳು. ಮದುವೆಯಾಗುವುದಾದರೆ ಕೊಡುತ್ತೇನೆ ಎಂದಳು. ಅವನು ಒಪ್ಪಿದ, ಉಂಡ, ಅವಳ ಹಿಂದೆ ಅವಳ ಹಟ್ಟಿಗೆ ನಡೆದ.

ಅಲ್ಲಿ 60 ವರ್ಷ ಬದುಕಿದ. ಮಕ್ಕಳಾದವು. ಸೌದೆ ಹೊತ್ತ, ಬೇಟೆಯಾಡಿದ, ಮಳೆಗೆ ನೆನೆದ, ಮುದುಕನಾದ. ತಾನು ರಾಜ ಅನ್ನುವುದು ಮರೆತೇಹೋಯಿತು. ಆಮೇಲೆ ಬರ ಬಂತು. ಊರಿಗೆ ಊರೇ ಚದುರಿತು. ಹೆಂಡತಿ ಮಕ್ಕಳನ್ನು ಕಟ್ಟಿಕೊಂಡು ಹೊರಟ. ದಾರಿಯಲ್ಲಿ ಒಂದು ಮರದ ಕೆಳಗೆ ಕಿರಿಯ ಮಗ ಹಸಿವಿನಿಂದ ಅಳುತ್ತಾ ಮಾಂಸ ಕೊಡು ಎಂದು ಹಟ ಹಿಡಿದ. ಏನೂ ಇರಲಿಲ್ಲ. ನನ್ನ ಮಾಂಸವನ್ನೇ ತಿನ್ನು ಮಗೂ ಎಂದು ಹೇಳಿ, ಸೌದೆ ಒಟ್ಟಿ ಬೆಂಕಿ ಹಾಕಿ, ಅದಕ್ಕೆ ಹಾರಲು ಹೊರಟ. ಆಗ ಎಚ್ಚರವಾಯಿತು. ಸಭೆಯಲ್ಲಿ ವಾದ್ಯ ಕೇಳಿಸುತ್ತಿತ್ತು.

ನೋಡಿ, ಇಲ್ಲಿಗೆ ನಿಂತಿದ್ದರೆ ಇದೂ ನಿಮ್ಮ 'ಎಚ್ಚರವಾಯಿತು' ಕತೆಯೇ. ಒಂದು ಕಣ್ಕಟ್ಟು, ಅಷ್ಟೇ. ಆದರೆ ಕತೆ ನಿಲ್ಲುವುದಿಲ್ಲ. ಗಾರುಡಿಗ ಅಷ್ಟರಲ್ಲಿ ಮಾಯವಾಗಿದ್ದ. ಆಗ ಸಭೆಯಲ್ಲಿದ್ದವರು ಒಂದು ಮಾತು ಆಡುತ್ತಾರೆ. ಗಾರುಡಿಗರು ದುಡ್ಡಿಗಾಗಿ ಆಟ ಕಟ್ಟುವವರು, ಇವನು ಏನೂ ಕೇಳದೆ ಹೋದ, ಆದ್ದರಿಂದ ಇವನು ಗಾರುಡಿಗ ಅಲ್ಲ. ಈ ಮಾತು ನನಗೆ ಬಹಳ ಇಷ್ಟ. ಆಕಾಶ ಬಿರಿಯಲಿಲ್ಲ, ಗುಡುಗು ಹೊಡೆಯಲಿಲ್ಲ. ಕೂಲಿ ತೆಗೆದುಕೊಳ್ಳಲಿಲ್ಲ ಅನ್ನುವ ಇಷ್ಟು ಚಿಕ್ಕ ವಿವರದಿಂದ ಆ ಘಟನೆ ಮಾಮೂಲಿನದಲ್ಲ ಎಂದು ಗೊತ್ತಾಗುತ್ತದೆ.

ಮರುದಿನ ರಾಜ ಸುಮ್ಮನೆ ಕೂರುವುದಿಲ್ಲ. ಆ ಕಾಡು ಎಲ್ಲಿದೆಯೋ ಹುಡುಕುತ್ತೇನೆ ಎಂದು ಪರಿವಾರ ಕಟ್ಟಿಕೊಂಡು ವಿಂಧ್ಯದ ಕಡೆ ಹೊರಡುತ್ತಾನೆ. ಕಾಡು ಸಿಗುತ್ತದೆ. ತಾನು ಓಡಾಡಿದ ಜಾಗ ಸಿಗುತ್ತದೆ. ಹಟ್ಟಿ ಸಿಗುತ್ತದೆ, ಬರದಲ್ಲಿ ಪಾಳುಬಿದ್ದಿದೆ. ಅಲ್ಲಿ ಒಬ್ಬ ಮುದುಕಿ ಕೂತು ಅಳುತ್ತಿದ್ದಾಳೆ. ಮಗಳು ಹೋದಳು, ಎಲ್ಲಿಂದಲೋ ಬಂದ ರಾಜನಂಥ ಅಳಿಯ ಹೋದ, ಮೊಮ್ಮಕ್ಕಳು ಹೋದರು ಅಂತ. ಆ ಅಳಿಯನೇ ಅವಳ ಎದುರು ನಿಂತಿದ್ದಾನೆ, ರಾಜನ ಉಡುಪಿನಲ್ಲಿ.

ಈ ಜಾಗ ಓದಿದಾಗಲೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ. 60 ವರ್ಷ ಒಂದು ಗಳಿಗೆಯಲ್ಲಿ ಕಳೆದದ್ದು ಅಲ್ಲ ಇಲ್ಲಿನ ವಿಸ್ಮಯ. ಅದು ಬೇರೆ ಕತೆಗಳಲ್ಲೂ ಇದೆ. ನನ್ನ ಅಜ್ಜಿ ಹೇಳುತ್ತಿದ್ದ ನಾರದನ ಕತೆಯಲ್ಲೂ ಇದೆ. ಮಾಯೆ ಅಂದರೇನು ಎಂದು ನಾರದ ಕೇಳುತ್ತಾನೆ. ದೇವರು ಅವನನ್ನು ನೀರು ತರಲು ಕಳಿಸುತ್ತಾನೆ. ನಾರದ ಹೋದಲ್ಲೇ ಮದುವೆಯಾಗಿ ಸಂಸಾರ ಹೂಡುತ್ತಾನೆ. ಪ್ರವಾಹ ಬಂದು ಎಲ್ಲರನ್ನೂ ಕಳೆದುಕೊಂಡು ಅಳುವಾಗ, ನೀರೆಲ್ಲಿ ನಾರದಾ ಎಂದು ದೇವರು ಕೇಳುತ್ತಾನೆ. ಅಜ್ಜಿ ಅಲ್ಲಿಗೆ ಕತೆ ಮುಗಿಸುತ್ತಿದ್ದಳು. 'ಮಕ್ಕಳು ಏನಾದರು ಅಜ್ಜಿ?' ಎಂದು ನಾನು ಕೇಳುತ್ತಿದ್ದೆ. ಅವಳ ಹತ್ತಿರ ಉತ್ತರ ಇರಲಿಲ್ಲ. ಲವಣನ ಕತೆ ಓದಿದಾಗ ನನಗೆ ಉತ್ತರ ಸಿಕ್ಕಿತು. ಅವರಿಗಾಗಿ ಅಳುವ ಒಬ್ಬಳು ಅಲ್ಲಿ ಉಳಿದಿದ್ದಾಳೆ. ಅವಳು ಅಳುತ್ತಿದ್ದಾಳೆ ಅಂದ ಮೇಲೆ ಅವರು ಇದ್ದರು.

ಇನ್ನು ಕಾರಣದ ಮಾತು. ಲವಣನ ಕತೆಯಲ್ಲಿ ಕಾರಣ ಇದೆಯಾ? ಇದೆ. ಆದರೆ ವಸಿಷ್ಠರು ಅದನ್ನು ಎಷ್ಟೋ ಅಧ್ಯಾಯ ಕಳೆದ ಮೇಲೆ ಹೇಳುತ್ತಾರೆ. ಲವಣನಿಗೆ ತನ್ನ ಪೂರ್ವಜ ಹರಿಶ್ಚಂದ್ರನ ಹಾಗೆ ರಾಜಸೂಯ ಯಾಗ ಮಾಡಬೇಕೆಂಬ ಆಸೆ ಇತ್ತು. ಅದನ್ನು ಅವನು ಮನಸ್ಸಿನಲ್ಲೇ ಮಾಡಿದ. ತುಪ್ಪ, ಬೆಂಕಿ, ಯಾಗ ಮಾಡಿಸುವ ಋತ್ವಿಜರು, ದಾನ ಎಲ್ಲವೂ ಮನಸ್ಸಿನೊಳಗೆ. ರಾಜಸೂಯ ಮಾಡಿದವನಿಗೆ ದೊಡ್ಡ ಕಷ್ಟ ಬರುತ್ತದೆ ಎಂಬ ನಂಬಿಕೆ ಇದೆ. ಹರಿಶ್ಚಂದ್ರನ ಪಾಡು ನಮಗೆಲ್ಲ ಗೊತ್ತಲ್ಲ. ಯಾಗ ಮನಸ್ಸಿನಲ್ಲಿ ಆದದ್ದರಿಂದ ಕಷ್ಟವೂ ಮನಸ್ಸಿನಲ್ಲೇ ಬಂತು. ಗಾರುಡಿಗನ ವೇಷದಲ್ಲಿ ಬಂದವನು ಇಂದ್ರ ಕಳಿಸಿದ ದೂತ.

ಇದರಲ್ಲಿ ಒಂದು ಗಮನಿಸಿ. ಕಾಲ ಹೇಗೆ ಹಿಗ್ಗಿತು, ಜಾಗ ಹೇಗೆ ಬಾಗಿತು ಅನ್ನುವ ವಿವರಣೆ ಇದಲ್ಲ. ಇದು ಈ ಮನುಷ್ಯನಿಗೇ ಯಾಕೆ ಹೀಗಾಯಿತು ಅನ್ನುವುದಕ್ಕೆ ಉತ್ತರ. ನಿಮ್ಮ ಗೆಳೆಯರು ಕಾರಣ ಕೇಳಿದಾಗ ನಿಜವಾಗಿ ಕೇಳಿದ್ದು ಇದನ್ನೇ ಇರಬೇಕು ಅನಿಸುತ್ತದೆ. ಬಸ್ಸಿನಲ್ಲಿ ಅಷ್ಟು ಜನ ಇದ್ದರು. ಇವಳೇ ಯಾಕೆ? ಇದಕ್ಕೆ ಉತ್ತರ ಘಾಟಿಯಲ್ಲಿ ಸಿಗುವುದಿಲ್ಲ, ಅವಳೊಳಗೆ ಹುಡುಕಬೇಕು. ಅವಳು ಮನಸ್ಸಿನಲ್ಲೇ ಮಾಡಿ ಮುಗಿಸಿದ ಯಾವ ಕೆಲಸ ಇದೆ? ಯಾವ ವಾರ್ಡಿನಲ್ಲಿ ಯಾವ ಮಗುವಿನ ಹಾಸಿಗೆಯ ಪಕ್ಕ, ಇವನನ್ನು ಮನೆಗೆ ಕರೆದುಕೊಂಡು ಹೋಗಬೇಕು ಅಂದುಕೊಂಡು ಸುಮ್ಮನಾದಳು?

ಮುದುಕಿಯ ವಿಷಯವನ್ನು ರಾಮನೂ ಬಿಡುವುದಿಲ್ಲ. ಮನಸ್ಸಿನಲ್ಲಿ ಕಂಡದ್ದು ಹೊರಗೆ ಹೇಗೆ ಸಿಕ್ಕಿತು ಎಂದು ಕೇಳುತ್ತಾನೆ. ವಸಿಷ್ಠರು ಒಂದೇ ಉತ್ತರಕ್ಕೆ ಅಂಟಿಕೊಳ್ಳುವುದಿಲ್ಲ. ಲವಣನ ಮನಸ್ಸಿನಲ್ಲಿ ಮೂಡಿದ್ದು ಆ ಹಟ್ಟಿಯವರ ಮನಸ್ಸಿನಲ್ಲೂ ಮೂಡಿರಬಹುದು. ಅವರ ಅನುಭವ ಇವನ ಮನಸ್ಸಿಗೆ ಬಂದಿರಲೂಬಹುದು. ಒಂದೇ ಮಾತು ಬೇರೆ ಬೇರೆ ಜನರಿಗೆ ಹೊಳೆಯುವುದಿಲ್ಲವೇ, ಹಾಗೆ ಎನ್ನುತ್ತಾರೆ. ಎಷ್ಟು ಒಳ್ಳೆಯ ಹೋಲಿಕೆ! ಕತೆ ಬರೆಯುವವರಿಗಂತೂ ಅದು ದಿನನಿತ್ಯದ ಅನುಭವ.

ಇಲ್ಲಿ ಮನಸ್ಸಿನಲ್ಲಿರುವ ಒಂದು ಮಾತು ಹೇಳಿಬಿಡುತ್ತೇನೆ. ಆ ಗ್ರಂಥ ಹಟ್ಟಿಯ ಬದುಕನ್ನು ವರ್ಣಿಸುವಾಗ ರಕ್ತ, ಮಾಂಸ, ಹೊಲಸು ಎಂದು ಹೇಸಿಗೆಯಿಂದಲೇ ವರ್ಣಿಸುತ್ತದೆ. ರಾಜನಿಗೆ ಬರಬಹುದಾದ ದೊಡ್ಡ ಶಿಕ್ಷೆ ಅಂದರೆ ಆ ಜಾತಿಯಲ್ಲಿ ಬದುಕುವುದು ಎಂಬುದು ಅದರ ನಂಬಿಕೆ. ಅದನ್ನು ನಾನು ಒಪ್ಪುವುದಿಲ್ಲ. ಅಲ್ಲಿನವರಿಗೆ ಅದು ಶಿಕ್ಷೆ ಆಗಿರಲಿಲ್ಲ, ಅವರ ಮನೆ ಆಗಿತ್ತು. ಹಸಿದವನಿಗೆ ಅನ್ನ ಕೊಟ್ಟದ್ದು ಆ ಹುಡುಗಿ. ಇಡೀ ಕತೆಯಲ್ಲಿ ಸತ್ತವರಿಗಾಗಿ ಮನಸ್ಸು ಬಿಚ್ಚಿ ಅಳುವವಳು ಆ ಮುದುಕಿ. ಬರೆದವರ ಹೇಸಿಗೆಯನ್ನು ಮೀರಿ ಅವಳು ನಿಂತಿದ್ದಾಳೆ. ನಿಮ್ಮ ನರ್ಸ್ ಹೋಗುವ ಊರೂ ಬರೀ ವಿಚಿತ್ರ ಜಾಗ ಆಗಬಾರದು. ಅಲ್ಲಿನವರಿಗೆ ಅದು ಮಾಮೂಲಿ ಊರು. ವಿಚಿತ್ರವಾಗಿ ಕಾಣಬೇಕಾದವಳು ಇವಳು.

ಇದೇ ಗ್ರಂಥದ ಇನ್ನೆರಡು ಕತೆಗಳನ್ನು ಬೇಗ ಹೇಳುತ್ತೇನೆ. ಗಾಧಿ ಎಂಬ ಬ್ರಾಹ್ಮಣ ನೀರಿನಲ್ಲಿ ಮುಳುಗುತ್ತಾನೆ. ಏಳುವಷ್ಟರಲ್ಲಿ ಸತ್ತು, ಬೇರೆ ಜಾತಿಯಲ್ಲಿ ಹುಟ್ಟಿ, ಕೀರ ದೇಶದ ರಾಜನಾಗಿ 8 ವರ್ಷ ಆಳಿ, ಗುಟ್ಟು ಬಯಲಾಗಿ ಬೆಂಕಿಗೆ ಬಿದ್ದಿರುತ್ತಾನೆ. ಆಮೇಲೆ ಒಂದು ದಿನ ಮನೆಗೆ ಬಂದ ಅತಿಥಿ ಉಣ್ಣುತ್ತಾ ಆ ದೇಶದ ಅದೇ ಕತೆ ಹೇಳುತ್ತಾನೆ! ಗುರುತು ಇಲ್ಲಿ ತಾನಾಗಿ ಮನೆ ಬಾಗಿಲಿಗೆ ಬರುತ್ತದೆ. ಇನ್ನೊಂದು ಲೀಲೆಯ ಕತೆ. ಅದರಲ್ಲಿ ಅಲುಗಾಡುವುದು ಮುಖ್ಯವಾಗಿ ಜಾಗ. ಒಂದು ಇಡೀ ರಾಜ್ಯ, ಅದರ ಬೆಟ್ಟ ಹೊಳೆ ಸೈನ್ಯ ಸಮೇತ, ಬಡ ಬ್ರಾಹ್ಮಣನೊಬ್ಬನ ಮನೆಯ ಕೋಣೆಯೊಳಗೆ ಇರುತ್ತದೆ. ಆ ಬ್ರಾಹ್ಮಣ ಸತ್ತು 8 ದಿನ ಆಗಿರುತ್ತದೆ. ಅಷ್ಟರಲ್ಲಿ ಅವನು ರಾಜನಾಗಿ ಒಂದು ಬದುಕನ್ನೇ ಕಳೆದಿರುತ್ತಾನೆ.

ಈಗ ಕಾಕುದ್ಮಿ. ಭಾಗವತದ ಒಂಬತ್ತನೇ ಸ್ಕಂಧದಲ್ಲೂ ವಿಷ್ಣುಪುರಾಣದಲ್ಲೂ ಈ ಕತೆ ಬರುತ್ತದೆ. ಕುಶಸ್ಥಲಿಯ ರಾಜ ಕಾಕುದ್ಮಿ ಮಗಳು ರೇವತಿಗೆ ಗಂಡು ಹುಡುಕುತ್ತಿದ್ದಾನೆ. ಬ್ರಹ್ಮನನ್ನೇ ಕೇಳೋಣ ಎಂದು ಮಗಳನ್ನು ಕರೆದುಕೊಂಡು ಸತ್ಯಲೋಕಕ್ಕೆ ಹೋಗುತ್ತಾನೆ. ಅಲ್ಲಿ ಗಂಧರ್ವರ ಹಾಡು ನಡೆದಿರುತ್ತದೆ. ಮುಗಿಯಲಿ ಎಂದು ಕಾಯುತ್ತಾನೆ. ಆಮೇಲೆ ತನ್ನ ಮನಸ್ಸಿನಲ್ಲಿದ್ದ ಗಂಡುಗಳ ವಿಷಯ ಹೇಳುತ್ತಾನೆ. ಬ್ರಹ್ಮ ನಗುತ್ತಾನೆ. 27 ಚತುರ್ಯುಗ ಕಳೆದುಹೋಯಿತು ರಾಜಾ, ಅವರ ಮಕ್ಕಳು, ಮೊಮ್ಮಕ್ಕಳು ಹೋಗಲಿ, ಅವರ ಗೋತ್ರದ ಹೆಸರೂ ಈಗ ಕೇಳಿಬರುವುದಿಲ್ಲ ಎನ್ನುತ್ತಾನೆ.

ಇದನ್ನು ಐನ್‌ಸ್ಟೈನ್ ಸಿದ್ಧಾಂತ ಎನ್ನುವುದು ಸರಿಯಲ್ಲ. ವೇಗ ಹೆಚ್ಚಿದರೆ ಗಡಿಯಾರ ನಿಧಾನ, ಗುರುತ್ವ (ಭೂಮಿಯಂಥ ಕಾಯದ ಸೆಳೆತ) ಹೆಚ್ಚಿದರೂ ನಿಧಾನ, ಎಷ್ಟು ನಿಧಾನ ಎಂಬುದಕ್ಕೆ ಖಚಿತ ಲೆಕ್ಕ ಇದೆ. ಇದು ಆ ಸಿದ್ಧಾಂತ. 1971ರಲ್ಲಿ ಹಾಫಲೆ ಮತ್ತು ಕೀಟಿಂಗ್ ಎಂಬ ಇಬ್ಬರು ಪರಮಾಣು ಗಡಿಯಾರಗಳನ್ನು ವಿಮಾನದಲ್ಲಿ ಇಟ್ಟುಕೊಂಡು ಭೂಮಿ ಸುತ್ತಿದರು. ಭೂಮಿಯ ತಿರುಗಾಟವೂ ಲೆಕ್ಕಕ್ಕೆ ಸೇರುವುದರಿಂದ ಪೂರ್ವಕ್ಕೆ ಹೋದ ಗಡಿಯಾರ ಸುಮಾರು 59 ನ್ಯಾನೊಸೆಕೆಂಡ್ ಹಿಂದೆ ಬಿತ್ತು, ಪಶ್ಚಿಮಕ್ಕೆ ಹೋದದ್ದು ಸುಮಾರು 273 ನ್ಯಾನೊಸೆಕೆಂಡ್ ಮುಂದೆ ಹೋಯಿತು. ನ್ಯಾನೊಸೆಕೆಂಡ್ ಅಂದರೆ ಒಂದು ಸೆಕೆಂಡನ್ನು ನೂರು ಕೋಟಿ ಭಾಗ ಮಾಡಿದರೆ ಒಂದು ಭಾಗ. ನಿಮ್ಮ ಫೋನಿಗೆ ದಾರಿ ತೋರಿಸುವ ಜಿಪಿಎಸ್ ಉಪಗ್ರಹಗಳ ಗಡಿಯಾರ, ಅಷ್ಟು ಎತ್ತರದಲ್ಲಿ ಗುರುತ್ವ ಕಡಿಮೆ ಇರುವುದರಿಂದ, ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡ್ (ಒಂದು ಮೈಕ್ರೊಸೆಕೆಂಡ್ ಅಂದರೆ ಸಾವಿರ ನ್ಯಾನೊಸೆಕೆಂಡ್) ಮುಂದೆ ಓಡುತ್ತದೆ. ಅದನ್ನು ಸರಿಪಡಿಸದಿದ್ದರೆ ನಕ್ಷೆ ದಿನಕ್ಕೆ ಸುಮಾರು 10 ಕಿಲೋಮೀಟರ್ ತಪ್ಪುತ್ತದೆ. ಕಾಕುದ್ಮಿಯ ಕತೆಯಲ್ಲಿ ವೇಗದ ಮಾತಿಲ್ಲ, ಗುರುತ್ವದ ಮಾತಿಲ್ಲ. ಹೋಗುವ ದಾರಿಯಲ್ಲಿ ಕಾಲ ಕಳೆಯುವುದೂ ಇಲ್ಲ, ಹಾಡು ಕೇಳುತ್ತಾ ನಿಂತಾಗ ಕಳೆಯುತ್ತದೆ.

ಪುರಾಣಕ್ಕೆ ತನ್ನದೇ ಲೆಕ್ಕ ಇದೆ, ಅದು ಇನ್ನೂ ಚಂದ. ಒಂದು ಚತುರ್ಯುಗ ಅಂದರೆ 43,20,000 ವರ್ಷ. ಅಂಥ ಸಾವಿರ ಚತುರ್ಯುಗ ಸೇರಿದರೆ ಬ್ರಹ್ಮನಿಗೆ ಒಂದು ಹಗಲು. ಈಗ ಬ್ರಹ್ಮನ ಹಗಲನ್ನು ನಮ್ಮ ಹಾಗೆ 12 ಗಂಟೆ ಅಂದುಕೊಳ್ಳಿ. 27 ಚತುರ್ಯುಗಕ್ಕೆ ಎಷ್ಟು ಹೊತ್ತಾಯಿತು? ಸುಮಾರು 19 ನಿಮಿಷ. ಕಛೇರಿಯಲ್ಲಿ ಒಂದು ರಾಗವನ್ನು ಸ್ವಲ್ಪ ವಿಸ್ತಾರವಾಗಿ ಹಾಡಿದರೆ ಆಗುವಷ್ಟು ಹೊತ್ತು! ನಮ್ಮ ಲೆಕ್ಕದಲ್ಲಿ ಅದು 11 ಕೋಟಿ 66 ಲಕ್ಷ 40 ಸಾವಿರ ವರ್ಷ. ಕತೆ ಕಟ್ಟಿದವರು ಸುಮ್ನೆ ಒಂದು ದೊಡ್ಡ ಸಂಖ್ಯೆ ಹೇಳಲಿಲ್ಲ. ಒಂದು ಹಾಡಿನ ಹೊತ್ತಿಗೆ ತಮ್ಮ ಲೋಕದ ಗಡಿಯಾರ ಎಷ್ಟು ತಿರುಗುತ್ತದೆಯೋ ಅಷ್ಟನ್ನೇ ಹೇಳಿದರು. ಈ ಲೆಕ್ಕ ನಾನು ಕಾಗದದ ಮೇಲೆ ಹಾಕಿ ನೋಡಿದ ದಿನ ತುಂಬಾ ಖುಷಿಯಾಗಿತ್ತು. ಇಂಥ ಕತೆಗೆ ಐನ್‌ಸ್ಟೈನ್ ಹೆಸರಿನ ಊರುಗೋಲು ಬೇಡ.

ನಿಮಗೂ ಇದರಿಂದ ಉಪಯೋಗ ಇದೆ. ಹತ್ತು ನಿಮಿಷಕ್ಕೆ 12 ವರ್ಷ ಎಂದು ಬರೆದಿದ್ದೀರಿ. ಅಂದರೆ ಇಲ್ಲಿನ ಒಂದು ನಿಮಿಷ ಅಲ್ಲಿ ಒಂದು ವರ್ಷ ಎರಡು ತಿಂಗಳಿಗಿಂತ ಸ್ವಲ್ಪ ಜಾಸ್ತಿ. ಈ ಲೆಕ್ಕ ಕತೆಯಲ್ಲಿ ಹೇಳಬೇಕಿಲ್ಲ, ಆದರೆ ನಿಮಗೆ ಗೊತ್ತಿರಲಿ. ಬಸ್ಸಿನ ಡ್ರೈವರ್ ಒಂದು ಸಲ ಹಾರ್ನ್ ಹೊಡೆದು ಕೈ ತೆಗೆಯುವ ಎರಡು ಸೆಕೆಂಡು ಅಲ್ಲಿ ಸುಮಾರು ಎರಡು ವಾರ ಆಗುತ್ತದೆ. ಆ ಊರಿನವರಿಗೆ ಎರಡು ವಾರ ಕಾಡಿನ ಕಡೆಯಿಂದ ಒಂದು ಸದ್ದು ಕೇಳುತ್ತಲೇ ಇರುತ್ತದೆ. ಅದಕ್ಕೆ ಅವರು ಏನಂತ ಹೆಸರಿಡುತ್ತಾರೆ? ನೋಡಿ, ಲೆಕ್ಕ ಹಾಕಿದ ಕೂಡಲೇ ಕತೆಗೆ ಹೊಸ ವಿಷಯ ಸಿಕ್ಕಿತು.

ಗುರುತಿಗೆ ಎಷ್ಟು ಬಲ ಇದೆ ಅನ್ನುವುದಕ್ಕೆ ಅಮೆರಿಕದ ಒಂದು ಉದಾಹರಣೆ ಇದೆ. 1950ರಲ್ಲಿ ನ್ಯೂಯಾರ್ಕಿನ ಟೈಮ್ಸ್ ಸ್ಕ್ವೇರ್‌ನಲ್ಲಿ ಹಳೇ ಕಾಲದ ಬಟ್ಟೆ ತೊಟ್ಟ ಒಬ್ಬ ದಿಕ್ಕು ತೋಚದೆ ನಿಂತಿದ್ದ, ಕಾರಿಗೆ ಸಿಕ್ಕಿ ಸತ್ತ, 1876ರಲ್ಲಿ ಕಾಣೆಯಾದ ಮನುಷ್ಯ ಅವನು ಎಂಬ ಸುದ್ದಿ ಎಷ್ಟೋ ವರ್ಷ ನಿಜವೆಂದೇ ಓಡಾಡಿತು. ಅದು ನಿಜವಲ್ಲ. 1951ರಲ್ಲಿ ಅಲ್ಲಿನ ಪತ್ರಿಕೆಯೊಂದರಲ್ಲಿ ಬಂದ ಒಂದು ಸಣ್ಣ ಕತೆ ಅದು. ಜನ ಯಾಕೆ ನಂಬಿದರು? ಸತ್ತವನ ಜೇಬಿನಲ್ಲಿ ಹಳೇ ನೋಟುಗಳಿದ್ದವು, ಕುದುರೆ ನೋಡಿಕೊಂಡದ್ದಕ್ಕೆ ಕೊಟ್ಟ ಬಿಲ್ ಇತ್ತು, 1876ರ ಒಂದು ಕಾಗದ ಇತ್ತು. ಯಂತ್ರದ ವಿವರಣೆ ಒಂದೂ ಇರಲಿಲ್ಲ. ಜೇಬು ಸಾಕಾಯಿತು.

ಇನ್ನೊಂದು ಪ್ರಸಂಗ ಫ್ರಾನ್ಸ್ ದೇಶದ್ದು. ಅದು ಕತೆಯಲ್ಲ, ಇಬ್ಬರು ತಮಗೇ ಆದದ್ದು ಎಂದು ಹೇಳಿಕೊಂಡದ್ದು. 1901ರ ಆಗಸ್ಟ್ 10ರಂದು ಆಕ್ಸ್‌ಫರ್ಡಿನ ಶಾರ್ಲೆಟ್ ಮೊಬರ್ಲಿ ಮತ್ತು ಎಲಿನರ್ ಜೋರ್ಡೇನ್ ಎಂಬ ಇಬ್ಬರು ವಿದ್ಯಾವಂತ ಹೆಂಗಸರು ವರ್ಸೈ ಅರಮನೆಯ ತೋಟದಲ್ಲಿ ನಡೆಯುತ್ತಿದ್ದರು. ಹಳೇ ಉಡುಪಿನ ಜನ ಕಂಡರು. ಚಿತ್ರ ಬರೆಯುತ್ತಿದ್ದಂತೆ ಕೂತಿದ್ದ ಹೆಂಗಸನ್ನು ನೋಡಿದವಳು ಮೊಬರ್ಲಿ. ಅದು ನೂರಕ್ಕೂ ಹೆಚ್ಚು ವರ್ಷ ಹಿಂದೆ ಸತ್ತಿದ್ದ ಫ್ರಾನ್ಸಿನ ರಾಣಿ ಮೇರಿ ಆಂಟ್ವನೆಟ್ ಎಂದು ಆಮೇಲೆ ನಂಬಿದಳು. 1911ರಲ್ಲಿ ಇಬ್ಬರೂ ಬೇರೆ ಹೆಸರಿಟ್ಟುಕೊಂಡು ಇದನ್ನು ಪುಸ್ತಕ ಮಾಡಿದರು. ಆ ಕಾಲದಲ್ಲಿ ಅಲ್ಲಿ ಒಬ್ಬ ಶ್ರೀಮಂತ ಕವಿ ಹಳೇ ಉಡುಪಿನ ವೇಷ ಹಾಕಿ ಗೆಳೆಯರ ಜೊತೆ ಕೂಟ ನಡೆಸುತ್ತಿದ್ದನಂತೆ. ಅದನ್ನೇ ಇವರು ನೋಡಿರಬಹುದು ಎಂಬ ವಿವರಣೆ ನನಗೆ ಸಾಕು ಅನಿಸುತ್ತದೆ. ಅವರು ಬರೆದದ್ದರಲ್ಲಿ ನಿಮಗೆ ಬೇಕಾದ ವಿವರ ಬೇರೆ ಇದೆ. ಆಗ ಗಾಳಿ ನಿಂತಿತ್ತು. ಮರಗಳು ಬಟ್ಟೆಯ ಮೇಲೆ ನೇಯ್ದ ಚಿತ್ರದ ಹಾಗೆ ಚಪ್ಪಟೆಯಾಗಿ ಕಂಡವು. ಮನಸ್ಸಿಗೆ ಕಾರಣವಿಲ್ಲದ ಭಾರ ಬಂತು. ಕಾಲ ಅಲುಗಾಡಿದ್ದನ್ನು ಹೀಗೆ ಹೇಳಬೇಕು. ಮಿಂಚು, ಸುಳಿ, ಬಣ್ಣದ ಬೆಳಕು ಬೇಡ.

ಮಂಜನ್ನು ನೀವು ಆರಿಸಿಕೊಂಡದ್ದು ಒಳ್ಳೆಯದಾಯಿತು. ದಾಟಿದರೆ ದಿಕ್ಕು ತಪ್ಪಿಸುವ ಬಳ್ಳಿಯೊಂದು ಕಾಡಿನಲ್ಲಿದೆ ಎಂಬ ನಂಬಿಕೆ ನಮ್ಮ ಮಲೆನಾಡಿನಲ್ಲಿದೆ. ಗೊತ್ತಿರುವ ಕಾಡಿನಲ್ಲೇ ಸುತ್ತಿ ಸುತ್ತಿ ಅದೇ ಮರದ ಹತ್ತಿರ ಬರುತ್ತಾರೆ. ಇದು ಬರೀ ಭ್ರಮೆಯ ಮಾತಲ್ಲ. 2009ರಲ್ಲಿ ಜರ್ಮನಿಯ ಸಂಶೋಧಕರು ಜನರನ್ನು ಅಲ್ಲಿನ ಒಂದು ಕಾಡಿನಲ್ಲೂ ಸಹಾರಾ ಮರುಭೂಮಿಯಲ್ಲೂ ನಡೆಸಿ ನೋಡಿದರು. ನೇರ ನಡೆಯಿರಿ ಎಂದಿದ್ದರು. ಸೂರ್ಯ ಕಾಣುತ್ತಿದ್ದಾಗ ಜನ ಹೆಚ್ಚುಕಡಿಮೆ ನೇರ ನಡೆದರು. ಮೋಡ ಮುಚ್ಚಿದಾಗ ಕಾಡಿನಲ್ಲಿ ಸುತ್ತು ಹೊಡೆದರು, ತಾವೇ ನಡೆದ ದಾರಿಯನ್ನು ಮತ್ತೆ ದಾಟಿದರು, ಅದು ಅವರಿಗೆ ಗೊತ್ತೇ ಆಗಲಿಲ್ಲ. ಕಣ್ಣು ಕಟ್ಟಿದಾಗ ಸುತ್ತು ಇನ್ನೂ ಚಿಕ್ಕದಾಯಿತು, ಕೆಲವು ಸಲ 20 ಮೀಟರ್ ಅಗಲದಷ್ಟು. ಅಂದರೆ ದೂರದ ಗುರುತು ಕಳೆದ ಕೂಡಲೇ ಜಾಗದ ಲೆಕ್ಕ ತಪ್ಪುತ್ತದೆ. ಮಂಜು ಮಾಡುವುದು ಅದನ್ನೇ. ಆದ್ದರಿಂದ ನಿಮ್ಮ ನರ್ಸ್ ನಾಲ್ಕು ಹೆಜ್ಜೆ ಹಾಕಿದ ಕೂಡಲೇ ಬೇರೆ ಕಾಲಕ್ಕೆ ಹೋಗುವುದು ಬೇಡ. ಮೊದಲು ಬಸ್ಸಿನ ದೀಪ ಕಾಣದಾಗಲಿ. ಆಮೇಲೆ ಇಂಜಿನ್ ಸದ್ದು ಯಾವ ಕಡೆಯಿಂದ ಬರುತ್ತಿದೆ ಎಂದು ಗೊತ್ತಾಗದಿರಲಿ. ಆಮೇಲೆ ಸದ್ದೂ ನಿಲ್ಲಲಿ. ಓದುವವರಿಗೂ ದಿಕ್ಕು ತಪ್ಪಿದ ಮೇಲೆ ಊರು ಕಾಣಿಸಲಿ.

ಅದು ಯಾವ ಕಾಲ ಎಂದು ಯಾರ ಬಾಯಿಂದಲೂ ಹೇಳಿಸಬೇಡಿ. ಭಾಗವತದಲ್ಲಿ ಮುಚುಕುಂದ ಎಷ್ಟೋ ಕಾಲದ ನಿದ್ದೆ ಮುಗಿಸಿ ಗುಹೆಯಿಂದ ಹೊರಬರುತ್ತಾನೆ. ಮನುಷ್ಯರು, ದನಕರು, ಮರಗಿಡ ಎಲ್ಲ ಗಾತ್ರದಲ್ಲಿ ಕುಗ್ಗಿರುವುದನ್ನು ನೋಡುತ್ತಾನೆ. ಕಲಿಗಾಲ ಬಂತು ಎಂದು ತಾನೇ ತಿಳಿದುಕೊಂಡು ಬಡಗು ದಿಕ್ಕಿಗೆ ಹೊರಡುತ್ತಾನೆ. ನಿಮ್ಮವಳು ನರ್ಸ್. ಅವಳ ಕಣ್ಣು ಮೊದಲು ಎಲ್ಲಿಗೆ ಹೋಗುತ್ತದೆ? ಊರಿನವರ ಮುಖದ ಮೇಲಿನ ಸಿಡುಬಿನ ಕಲೆಗಳ ಮೇಲೆ ಹೋಗಬಹುದು. ಹೆಚ್ಚು ಮಕ್ಕಳ ತೋಳಿನಲ್ಲಿ ಚುಚ್ಚುಮದ್ದಿನ ಗುರುತು ಇಲ್ಲದಿರುವುದನ್ನು ಅವಳು ನೋಡಬಹುದು. ಇಸವಿ ಹೇಳದೆಯೇ ಅವಳಿಗೆ ಗೊತ್ತಾಗುತ್ತದೆ, ನಮಗೂ ಗೊತ್ತಾಗುತ್ತದೆ.

ಕೊನೆಯ ಪುಟಕ್ಕೆ ಬರೋಣ. ಅವಳು ಬಸ್ಸು ಹತ್ತುತ್ತಾಳೆ. ಇಲ್ಲಿ ಗುರುತು ಏನಿರಬೇಕು ಎಂದು ನಾನು ಹೇಳಲಾರೆ, ಅದು ನಿಮ್ಮ ಕತೆ. ಅವಳ ಸೆರಗಿನಲ್ಲಿ ಏನಾದರೂ ಕಟ್ಟಿರುವುದು, ಕೂದಲು ನರೆತಿರುವುದು, ಇಂಥವು ಸುಲಭದ ದಾರಿಗಳು. ನನಗಂತೂ ಗುರುತು ಆ ಕಡೆ ಉಳಿಯಲಿ ಅನಿಸುತ್ತದೆ, ಲವಣನ ಮುದುಕಿಯ ಹಾಗೆ. ಆ ಹುಡುಗನಿಗೆ ಈಗ 12 ದಾಟಿರಬೇಕು. ಸಂಜೆ ಮನೆಗೆ ಬಂದಾಗ ಒಲೆ ಹಚ್ಚಿರುವುದಿಲ್ಲ. ಅವನು ಅವಳನ್ನು ಎಲ್ಲಿ ಹುಡುಕುತ್ತಾನೆ? ಮಂಜಿನೊಳಗೆ ಎಷ್ಟು ದೂರ ಬರುತ್ತಾನೆ? ಕಾಲದ ಲೆಕ್ಕದಲ್ಲಿ ಅವನ ಇಡೀ ಆಯುಷ್ಯ, ಬಸ್ಸು ಉಡುಪಿ ಮುಟ್ಟುವ ಮೊದಲೇ ಮುಗಿದುಹೋಗುತ್ತದೆ. ಅದು ಅವಳಿಗೆ ಗೊತ್ತು. ಅಷ್ಟು ಗೊತ್ತಿದ್ದೂ ಅವಳು ಕಂಡಕ್ಟರ್‌ಗೆ ಏನು ಹೇಳುತ್ತಾಳೆ? 'ಹೋಗೋಣ' ಅನ್ನುತ್ತಾಳಾ, 'ಒಂದೇ ನಿಮಿಷ ನಿಲ್ಲಿಸಿ' ಅನ್ನುತ್ತಾಳಾ?

ಹುಡುಗನಿಗೆ ನೀವಿನ್ನೂ ಹೆಸರಿಟ್ಟಿಲ್ಲ. ಮೊದಲು ಅದನ್ನು ಮಾಡಿ. ಬರೆದು ಮುಗಿದ ಮೇಲೆ ನನಗೊಂದು ಪ್ರತಿ ಕಳಿಸಿ. ನಿಜವಾಗಿ ಓದಬೇಕು ಅನಿಸಿದೆ.